ನ್ಯಾಯದ ಬಾಗಿಲಿನ ಸುಂಕ: ಮೆಕಾಲೆಯ ಮತ್ತೊಂದು ಟಿಪ್ಪಣಿ

ಕನ್ನಡವನ್ನು ಐಚ್ಛಿಕವಾಗಿ ಓದುವ ವಿದ್ಯಾರ್ಥಿಗಳಿಗೆ ಮೆಕಾಲೆಯ ಹೆಸರು ಹೊಸದಲ್ಲ. ದೇಶಭಾಷೆಗಳ ಶಿಕ್ಷಣದ ಇತಿಹಾಸ ಹೇಳುವ ಪುಸ್ತಕಗಳಲ್ಲೆಲ್ಲ 1835ರ ಫೆಬ್ರವರಿ 2ರಂದು ಆತ ಬರೆದ ಶಿಕ್ಷಣ ಟಿಪ್ಪಣಿಯ ಪ್ರಸ್ತಾಪ ಬರುತ್ತದೆ. ಸಂಸ್ಕೃತವನ್ನಾಗಲಿ ಅರಬ್ಬಿಯನ್ನಾಗಲಿ ಓದಲು ಬಾರದವನು ಆ ಭಾಷೆಗಳ ಸಾಹಿತ್ಯವನ್ನು ಹಗುರವಾಗಿ ತೂಗಿ, ಸರ್ಕಾರದ ಶಿಕ್ಷಣದ ಹಣ ಇಂಗ್ಲಿಷಿಗೇ ಸಲ್ಲಬೇಕೆಂದು ವಾದಿಸಿದ ಎಂಬುದು ಅವನ ಮೇಲಿನ ದೂರು. ಆ ದೂರು ನಿಜವಾದುದೇ. ಆದರೆ ಅದೇ ಕಲ್ಕತ್ತೆಯ ವರ್ಷಗಳಲ್ಲಿ ಅದೇ ಲೇಖನಿಯಿಂದ ಇನ್ನೊಂದು ಟಿಪ್ಪಣಿಯೂ ಹೊರಬಂದಿತ್ತು. ಆಸ್ತಿಗಾಗಿ, ಸಾಲಕ್ಕಾಗಿ, ಪಾಲಿಗಾಗಿ ಸಿವಿಲ್ ದಾವೆ ಹೂಡುವವರಿಂದ ಸರ್ಕಾರ ಮುಂಗಡವಾಗಿ ವಸೂಲು ಮಾಡುವ ಶುಲ್ಕ ಅದರ ವಿಷಯ. ಮೊದಲನೆಯ ಟಿಪ್ಪಣಿ ಜಾರಿಗೆ ಬಂದು ಪ್ರಸಿದ್ಧವಾಯಿತು. ಎರಡನೆಯದು ಜಾರಿಗೆ ಬಾರದೆ ಮರೆವಿಗೆ ಸಂದಿತು.

ಈ ಎರಡನೆಯ ಟಿಪ್ಪಣಿಯ ವಿಷಯ ಜಹೀರಾಬಾದ್, ನಾರಾಯಣಖೇಡ ಮತ್ತು ತಾಂಡೂರಿನ ಸೀಮೆಗೆ ದೂರದ್ದೇನೂ ಅಲ್ಲ. ಅಲ್ಲಿಯ ಯಾವುದೇ ಹಳ್ಳಿಯಲ್ಲಿ ಪಿತ್ರಾರ್ಜಿತ ಹೊಲದ ಪಾಲು ಕೇಳಿ ಒಬ್ಬ ತಮ್ಮನೋ ತಂಗಿಯೋ ವಕೀಲರ ಬಳಿಗೆ ಹೋದರೆ, ಪಾಲು ನ್ಯಾಯವೇ ಅಲ್ಲವೇ ಎಂಬ ಪ್ರಶ್ನೆಗಿಂತ ಮೊದಲು ಹೊಲದ ಬೆಲೆ ಎಷ್ಟು ಎಂಬ ಪ್ರಶ್ನೆ ಎದುರಾಗುತ್ತದೆ. ದಾವೆಯನ್ನು ಯಾವ ನ್ಯಾಯಾಲಯ ಕೇಳಬೇಕು, ಅದಕ್ಕೆ ಎಷ್ಟು ಕೋರ್ಟು ಶುಲ್ಕ ಕಟ್ಟಬೇಕು ಎಂಬ ಎರಡನ್ನೂ ಆ ಬೆಲೆಯೇ ನಿರ್ಧರಿಸುತ್ತದೆ. ಬೆಲೆ ಕಡಿಮೆ ತೋರಿಸಲಾಗಿದೆ ಎಂದು ಎದುರು ಪಕ್ಷದವರು ತಕರಾರು ತೆಗೆದರೆ ಮೂಲ ವ್ಯಾಜ್ಯ ಹಿಂದೆ ನಿಂತು ಬೆಲೆಯ ವ್ಯಾಜ್ಯ ಮುಂದೆ ಬರುತ್ತದೆ. ನ್ಯಾಯ ಕೇಳುವವನು ಮೊದಲು ಬೆಲೆ ಹೇಳಿ ಹಣ ಕಟ್ಟಬೇಕೆಂಬ ಈ ಪದ್ಧತಿ ಸರಿಯೇ ಎಂದು ಸುಮಾರು 190 ವರ್ಷಗಳ ಹಿಂದೆಯೇ ಕೇಳಿದವನು ಮೆಕಾಲೆ. ಆ ಪ್ರಶ್ನೆಯ ಬೇರು ಅವನ ಬಾಲ್ಯದ ಮನೆಯಲ್ಲಿದೆ.

ಥಾಮಸ್ ಬ್ಯಾಬಿಂಗ್ಟನ್ ಮೆಕಾಲೆ 1800ರ ಅಕ್ಟೋಬರ್ 25ರಂದು ಇಂಗ್ಲೆಂಡಿನ ಲೆಸ್ಟರ್‌ಶೈರಿನಲ್ಲಿ ಜನಿಸಿದನು. ತಂದೆ ಜಕಾರಿ ಮೆಕಾಲೆ ಎಳೆಯ ವಯಸ್ಸಿನಲ್ಲಿ ಜಮೈಕಾದ ಕಬ್ಬಿನ ತೋಟವೊಂದರಲ್ಲಿ ಮೇಲ್ವಿಚಾರಕನಾಗಿದ್ದು, ಅಲ್ಲಿ ಗುಲಾಮರ ಬಾಳನ್ನು ಕಣ್ಣಾರೆ ಕಂಡು ಮನಸ್ಸು ಮುರಿದು ಹಿಂದಿರುಗಿದವನು. ಮುಂದೆ ಬಿಡುಗಡೆಗೊಂಡ ಗುಲಾಮರ ನೆಲೆಯಾದ ಸಿಯೆರಾ ಲಿಯೋನಿನ ಗವರ್ನರನಾದನು. ಉಳಿದ ಆಯುಷ್ಯವನ್ನೆಲ್ಲ ಗುಲಾಮಗಿರಿಯ ವಿರುದ್ಧದ ಹೋರಾಟಕ್ಕೆ ಕೊಟ್ಟನು. ಆ ಹೋರಾಟದಲ್ಲಿ ಮುಳುಗಿದ್ದ ಅವನ ವ್ಯಾಪಾರ ಕ್ರಮೇಣ ಕುಸಿಯಿತು. ಒಂಬತ್ತು ಮಕ್ಕಳ ಮನೆಯ ಮೇಲೆ ಸಾಲ ಬೆಳೆಯಿತು.

ಹಿರಿಯ ಮಗ ಥಾಮಸ್ ಅಸಾಧಾರಣ ಸ್ಮರಣಶಕ್ತಿಯ ಹುಡುಗ. 1818ರಲ್ಲಿ ಕೇಂಬ್ರಿಜ್‌ನ ಟ್ರಿನಿಟಿ ಕಾಲೇಜನ್ನು ಸೇರಿ ಕವಿತೆಗೂ ವಾಗ್ಮಿತೆಗೂ ಹೆಸರಾದನು. 1825ರಲ್ಲಿ ಎಡಿನ್‌ಬರೋ ರಿವ್ಯೂ ಪತ್ರಿಕೆಯಲ್ಲಿ ಮಿಲ್ಟನ್ ಕವಿಯ ಕುರಿತು ಬರೆದ ಪ್ರಬಂಧ ಅವನನ್ನು ಒಮ್ಮೆಲೇ ಪ್ರಸಿದ್ಧಿಗೆ ತಂದಿತು. ಮರುವರ್ಷ ವಕೀಲನಾಗಿ ಸನ್ನದು ಪಡೆದನಾದರೂ ಕಕ್ಷಿದಾರರು ಬರಲಿಲ್ಲ. ವಕೀಲಿಯಿಂದ ಅವನಿಗೆ ಬಂದ ಸಂಪಾದನೆ ಇಲ್ಲವೆನ್ನುವಷ್ಟು ಅಲ್ಪ. 1828ರಲ್ಲಿ ದಿವಾಳಿ ಮೊಕದ್ದಮೆಗಳನ್ನು ನೋಡುವ ಕಮಿಷನರ್ ಹುದ್ದೆ ಸಿಕ್ಕಿತು. ತನ್ನ ಮನೆಯೇ ಸಾಲದಲ್ಲಿದ್ದಾಗ ಪರರ ದಿವಾಳಿಯ ಲೆಕ್ಕಗಳನ್ನು ಪರಿಶೀಲಿಸುವುದು ಅವನ ಕೆಲಸವಾಯಿತು. 1830ರಲ್ಲಿ ಪಾರ್ಲಿಮೆಂಟಿನ ಸದಸ್ಯನಾಗಿ, ಮತದಾನದ ಹಕ್ಕನ್ನು ವಿಸ್ತರಿಸುವ ಸುಧಾರಣಾ ಮಸೂದೆಯ ಪರವಾಗಿ ಮಾಡಿದ ಭಾಷಣಗಳಿಂದ ದೇಶವೇ ಅವನನ್ನು ಗುರುತಿಸಿತು. ಆದರೆ ಆ ಕೀರ್ತಿಯ ದಿನಗಳಲ್ಲಿಯೇ ಕೈ ಬರಿದಾಗಿ, ಕೇಂಬ್ರಿಜ್‌ನಲ್ಲಿ ಗೆದ್ದಿದ್ದ ಚಿನ್ನದ ಪದಕಗಳನ್ನು ಮಾರಿದನು. ಪದಕದ ಹಿಂದಿನ ಶ್ರಮ ಎಷ್ಟೇ ಇರಲಿ, ಕೊಳ್ಳುವವನು ತೂಗುವುದು ಚಿನ್ನವನ್ನು ಮಾತ್ರ.

1833ರಲ್ಲಿ ಬೆಲೆಯ ಪ್ರಶ್ನೆ ಅವನೆದುರು ಇನ್ನೂ ಕಠೋರವಾದ ರೂಪದಲ್ಲಿ ನಿಂತಿತು. ಆ ವರ್ಷ ಬ್ರಿಟಿಷ್ ವಸಾಹತುಗಳಲ್ಲಿ ಗುಲಾಮಗಿರಿಯನ್ನು ರದ್ದುಮಾಡುವ ಶಾಸನ ಬಂದಿತು. ಆದರೆ ಪರಿಹಾರ ಸಂದದ್ದು ಗುಲಾಮರಿಗಲ್ಲ, ಅವರ ಒಡೆಯರಿಗೆ. ಅದಕ್ಕಾಗಿ ತೆಗೆದಿರಿಸಿದ ಮೊತ್ತ 2 ಕೋಟಿ ಪೌಂಡು. ಮನುಷ್ಯರನ್ನು ದರ್ಜೆ ದರ್ಜೆಯಾಗಿ ವಿಂಗಡಿಸಿ, ತಲೆಗೊಂದು ಬೆಲೆ ಕಟ್ಟಿ ಅದನ್ನು ಹಂಚಲಾಯಿತು. ಬಿಡುಗಡೆ ಹೊಂದಿದವರು ಹಲವು ವರ್ಷ ಹಳೆಯ ಒಡೆಯರಿಗೇ ಕೂಲಿಯಿಲ್ಲದೆ ದುಡಿಯಬೇಕೆಂಬ ನಿಬಂಧನೆಯೂ ಮಸೂದೆಯಲ್ಲಿತ್ತು. ಆಗ ಸರ್ಕಾರದಲ್ಲಿ ಹುದ್ದೆಯಲ್ಲಿದ್ದ ಮೆಕಾಲೆ ಆ ನಿಬಂಧನೆಯನ್ನು ಒಪ್ಪದೆ ರಾಜೀನಾಮೆ ಸಲ್ಲಿಸಿ, ತನ್ನ ಸರ್ಕಾರದ ಮಸೂದೆಯ ವಿರುದ್ಧವೇ ಮಾತನಾಡಿದನು. ರಾಜೀನಾಮೆ ಅಂಗೀಕಾರವಾಗಲಿಲ್ಲ. ದುಡಿಮೆಯ ಅವಧಿಯನ್ನು ಮಾತ್ರ ತಗ್ಗಿಸಲಾಯಿತು. ಹುದ್ದೆ ಹೋದರೆ ಮನೆಯ ಗತಿ ಏನೆಂಬ ಚಿಂತೆಯ ನಡುವೆಯೂ ತಂದೆಯ ಜೀವಮಾನದ ಹೋರಾಟಕ್ಕೆ ಆತ ಬೆನ್ನು ತೋರಲಿಲ್ಲ.

ಅದೇ ವರ್ಷದ ಚಾರ್ಟರ್ ಶಾಸನದ ಮೇರೆಗೆ ಭಾರತದ ಗವರ್ನರ್ ಜನರಲನ ಮಂಡಳಿಯಲ್ಲಿ ಕಾನೂನು ಸದಸ್ಯನ ಹೊಸ ಹುದ್ದೆ ಏರ್ಪಟ್ಟಿತು. ಸಂಬಳ ವರ್ಷಕ್ಕೆ 10,000 ಪೌಂಡು. ಅರ್ಧ ಉಳಿಸಿದರೂ ಕೆಲವೇ ವರ್ಷಗಳಲ್ಲಿ ಮನೆಯ ಸಾಲ ತೀರಿ, ಯಾರ ಹಂಗೂ ಇಲ್ಲದೆ ಬದುಕಬಹುದೆಂಬ ಲೆಕ್ಕದಿಂದ ಮೆಕಾಲೆ ಆ ಹುದ್ದೆಯನ್ನು ಒಪ್ಪಿಕೊಂಡನು. 1834ರ ಫೆಬ್ರವರಿಯಲ್ಲಿ ತಂಗಿ ಹನ್ನಾಳೊಡನೆ ಹಡಗು ಹತ್ತಿ ಜೂನ್ 10ರಂದು ಮದರಾಸಿನಲ್ಲಿ ಇಳಿದನು. ಗವರ್ನರ್ ಜನರಲ್ ಬೆಂಟಿಂಕ್ ಆಗ ನೀಲಗಿರಿಯ ಉದಕಮಂಡಲದಲ್ಲಿದ್ದುದರಿಂದ ಹೊಸ ಸದಸ್ಯನಿಗೆ ಅಲ್ಲಿಗೆ ಬರಲು ಕರೆ ಹೋಯಿತು. ಹೀಗಾಗಿ ಮೆಕಾಲೆ ಭಾರತದಲ್ಲಿ ಮೊದಲು ಹಾದುಹೋದ ನಾಡುಗಳಲ್ಲಿ ಕನ್ನಡ ನಾಡೂ ಒಂದಾಯಿತು.

ಪಲ್ಲಕ್ಕಿಯಲ್ಲಿ ಹೊತ್ತುಕೊಂಡು ಹೋದವರ ಹೆಗಲ ಮೇಲೆ ಅವನು ಬೆಂಗಳೂರಿಗೆ, ಅಲ್ಲಿಂದ ಶ್ರೀರಂಗಪಟ್ಟಣಕ್ಕೆ ಬಂದನು. ಆ ಕೋಟೆ ಅವನಿಗೆ ಬರಿಯ ಇತಿಹಾಸವಾಗಿರಲಿಲ್ಲ. ಅವನ ದೊಡ್ಡಪ್ಪ ಕಾಲಿನ್ ಮೆಕಾಲೆ ಮೈಸೂರು ಯುದ್ಧದಲ್ಲಿ ಸೆರೆಸಿಕ್ಕಿ ನಾಲ್ಕು ವರ್ಷ ಅಲ್ಲಿಯ ಸೆರೆಮನೆಯಲ್ಲಿ ಕಳೆದಿದ್ದನು. ಮೈಸೂರಿನಲ್ಲಿ ಮುಮ್ಮಡಿ ಕೃಷ್ಣರಾಜ ಒಡೆಯರನ್ನು ಮೆಕಾಲೆ ಕಂಡನು. ಒಡೆಯರ ಆಡಳಿತಾಧಿಕಾರವನ್ನು ಕಂಪನಿ 1831ರಲ್ಲಿಯೇ ತನ್ನ ವಶಕ್ಕೆ ತೆಗೆದುಕೊಂಡಿತ್ತು. ಅವರ ಆಶ್ರಯದಲ್ಲಿ ಕನ್ನಡ ವಿದ್ವಾಂಸರು ಕೃತಿರಚನೆಯಲ್ಲಿ ತೊಡಗಿದ್ದರು. ಕೆಂಪುನಾರಾಯಣನ ಮುದ್ರಾಮಂಜೂಷ ರಚನೆಗೊಂಡು ಹನ್ನೊಂದು ವರ್ಷವಾಗಿತ್ತು. 1832ರಲ್ಲಿ ವಿಲಿಯಂ ರೀವನ ಕನ್ನಡ–ಇಂಗ್ಲಿಷ್ ನಿಘಂಟೂ ಹೊರಬಂದಿತ್ತು. ಎಂಟು ತಿಂಗಳ ತರುವಾಯ ಅವನು ಬರೆದ ಶಿಕ್ಷಣ ಟಿಪ್ಪಣಿಯನ್ನು ನೋಡಿದರೆ, ಹಾದಿಯ ನಾಡುಗಳ ಸಾಹಿತ್ಯ ಅವನ ಲೆಕ್ಕಕ್ಕೇ ಬಂದಿರಲಿಲ್ಲವೆಂಬುದು ಸ್ಪಷ್ಟ. ತನಗೆ ಓದಲು ಬಾರದ ಪುಸ್ತಕಗಳಿಗೆ ಬೆಲೆ ಕಟ್ಟಿದ್ದು ಆ ಟಿಪ್ಪಣಿಯ ದೋಷ. ಬೆಲೆ ಕಟ್ಟುವವನಿಗೆ ವಸ್ತುವಿನ ಪರಿಚಯವಿರಬೇಕೆಂಬ ಸರಳ ನಿಯಮವನ್ನು ಅವನು ಅಲ್ಲಿ ಪಾಲಿಸಲಿಲ್ಲ.

1834ರ ಸೆಪ್ಟೆಂಬರಿನಲ್ಲಿ ಕಲ್ಕತ್ತೆ ಸೇರಿದ ಮೆಕಾಲೆ ಮುಂದಿನ ಮೂರು ವರ್ಷಕ್ಕೂ ಮಿಕ್ಕು ಅಲ್ಲಿ ಕಾನೂನಿನ ಕೆಲಸದಲ್ಲಿ ಮುಳುಗಿದನು. ಪತ್ರಿಕೆಗಳ ಮೇಲಿನ ನಿರ್ಬಂಧವನ್ನು ತೆಗೆದ 1835ರ ಕಾಯಿದೆಯಲ್ಲಿ ಅವನ ಕೈವಾಡವಿತ್ತು. ಮರುವರ್ಷ ಬಂದ 11ನೆಯ ಕಾಯಿದೆ ಯೂರೋಪಿಯನರ ವಿಶೇಷ ಸವಲತ್ತೊಂದನ್ನು ಕಸಿದುಕೊಂಡಿತು. ಅದುವರೆಗೆ ಜಿಲ್ಲೆಗಳಲ್ಲಿ ನೆಲೆಸಿದ್ದ ಯೂರೋಪಿಯನರು ಸಿವಿಲ್ ವ್ಯಾಜ್ಯಗಳಲ್ಲಿ ಕಂಪನಿಯ ನ್ಯಾಯಾಲಯಗಳನ್ನು ಬಿಟ್ಟು ಕಲ್ಕತ್ತೆಯ ಸುಪ್ರೀಂ ಕೋರ್ಟಿಗೆ ಅಪೀಲು ಹೋಗಬಹುದಾಗಿತ್ತು. ಆ ದಾರಿ ಮುಚ್ಚಿ, ಭಾರತೀಯರು ಹೋಗುವ ಮೇಲ್ಮನವಿ ನ್ಯಾಯಾಲಯಕ್ಕೇ ಅವರೂ ಹೋಗಬೇಕಾಯಿತು. ಕಲ್ಕತ್ತೆಯ ಬಿಳಿಯರು ಅದನ್ನು ಕರಾಳ ಕಾಯಿದೆಯೆಂದು ಕರೆದು ಸಭೆ ಸೇರಿ ಪ್ರತಿಭಟಿಸಿದರು. ಪತ್ರಿಕೆಗಳು ಮೆಕಾಲೆಯನ್ನು ದಿನವೂ ಹಳಿದವು. ತಾನೇ ಕಟ್ಟು ಬಿಡಿಸಿದ ಪತ್ರಿಕೆಗಳ ಬೈಗುಳವನ್ನು ಸಹಿಸಿಕೊಂಡು ಆತ ಕಾಯಿದೆಯನ್ನು ಬಿಟ್ಟುಕೊಡಲಿಲ್ಲ. ಕಂಪನಿಯ ನ್ಯಾಯಾಲಯಗಳಲ್ಲಿ ಪಾರಸಿಯನ್ನು ಕೈಬಿಟ್ಟು ಆಯಾ ಪ್ರಾಂತದ ಜನಭಾಷೆ ಬಳಸಲು ಅವಕಾಶ ಕೊಟ್ಟ 1837ರ ಕಾಯಿದೆಯೂ ಅವನು ಕಾನೂನು ಸದಸ್ಯನಾಗಿದ್ದ ಕಾಲದ್ದೇ.

ಈ ನಡುವೆ ದಾವೆಯ ಶುಲ್ಕದ ವಿಷಯ ಅವನ ಮುಂದೆ ಬಂದಿತು. ಅದರ ಹಿನ್ನೆಲೆ ಹೀಗಿದೆ. 1793ರಲ್ಲಿ ಕಾರ್ನ್‌ವಾಲಿಸ್ ಬಂಗಾಳದಲ್ಲಿ ನ್ಯಾಯವ್ಯವಸ್ಥೆಯನ್ನು ಹೊಸದಾಗಿ ಕಟ್ಟಿದಾಗ ದಾವೆ ಹೂಡುವ ಶುಲ್ಕವನ್ನು ತೆಗೆದುಹಾಕಿದ್ದನು. ದಾವೆಗಳ ರಾಶಿ ಬಿದ್ದಿತು. ಎರಡೇ ವರ್ಷಗಳಲ್ಲಿ, 1795ರ 38ನೆಯ ರೆಗ್ಯುಲೇಷನ್ ಶುಲ್ಕವನ್ನು ಮರಳಿ ತಂದಿತು. ಹುರುಳಿಲ್ಲದ, ಪೀಡಿಸಲೆಂದೇ ಹೂಡುವ ದಾವೆಗಳನ್ನು ತಡೆಯಬೇಕಾಗಿದೆ ಎಂಬ ಕಾರಣವನ್ನು ಅದರ ಪೀಠಿಕೆಯಲ್ಲಿ ಹೇಳಲಾಗಿತ್ತು. ಇಂಗ್ಲೆಂಡಿನಲ್ಲಿ ಜೆರೆಮಿ ಬೆಂಥಮ್ ನ್ಯಾಯದ ಮೇಲಿನ ತೆರಿಗೆಗಳನ್ನು ಖಂಡಿಸಿ ಪುಸ್ತಕ ಬರೆದುದೂ ಆ ದಶಕದಲ್ಲಿಯೇ. ಎಲ್ಲ ತೆರಿಗೆಗಳಲ್ಲಿ ಕೆಟ್ಟದ್ದು ಅದೆಂಬುದು ಬೆಂಥಮ್ಮನ ವಾದ. ಅವನ ಅನುಯಾಯಿಗಳ ರಾಜಕೀಯ ಸಿದ್ಧಾಂತವನ್ನು ಮೆಕಾಲೆ ಹಿಂದೆ ಕಟುವಾಗಿ ಟೀಕಿಸಿದ್ದನು. ಆದರೂ ಕಾನೂನಿನ ವಿಷಯದಲ್ಲಿ ಬೆಂಥಮ್ಮನ ಋಣ ಅವನ ಮೇಲಿತ್ತು.

ಮೆಕಾಲೆ ತನ್ನ ಟಿಪ್ಪಣಿಯಲ್ಲಿ ಆ ಪೀಠಿಕೆಯನ್ನೇ ಹಿಡಿದುಕೊಂಡನು. ಅಷ್ಟು ಅಸಂಬದ್ಧವಾದ ಪೀಠಿಕೆ ಯಾವ ಕಾನೂನಿಗೂ ಇರಲಾರದೆಂಬುದು ಅವನ ಅಭಿಪ್ರಾಯ. ಶುಲ್ಕಕ್ಕೆ ಸತ್ಯ ಸುಳ್ಳುಗಳ ವಿವೇಕವಿಲ್ಲ. ಅದು ಬಡವ ಬಲ್ಲಿದರನ್ನು ಮಾತ್ರ ಬೇರ್ಪಡಿಸುತ್ತದೆ. ಹಣವಿಲ್ಲದ ಮೋಸಗಾರ ಅದರಿಂದ ಹಿಂದೆ ಸರಿಯಬಹುದು, ಆದರೆ ಹಣವಿಲ್ಲದ ಪ್ರಾಮಾಣಿಕನೂ ಅವನ ಜೊತೆಗೇ ಹಿಂದೆ ಸರಿಯುತ್ತಾನೆ. ಹಣವುಳ್ಳ ಮೋಸಗಾರನಿಗೆ ಅದು ತಡೆಯೇ ಅಲ್ಲ. ಸುಳ್ಳು ದಾವೆ ಹೂಡುವವನು ಗೆಲ್ಲುವ ಆಸೆಯಿಂದ ಹೂಡುತ್ತಾನೆ. ಆ ಆಸೆ ಹುಟ್ಟುವುದು ಕಾನೂನು ಕೆಟ್ಟಿರುವಲ್ಲಿ ಅಥವಾ ನ್ಯಾಯಾಧೀಶ ಕೆಟ್ಟಿರುವಲ್ಲಿ. ಆದುದರಿಂದ ಸುಳ್ಳು ದಾವೆಗಳಿಗೆ ಮದ್ದು ಸರಿಯಾದ ತೀರ್ಪು. ಶುಲ್ಕ ಹೆಚ್ಚಿಸಿದ ಮಾತ್ರಕ್ಕೆ ಕಾನೂನು ತಿಳಿಯಾಗುವುದಿಲ್ಲ, ಲಂಚ ತಿನ್ನುವವನ ಕೈ ಶುದ್ಧವಾಗುವುದಿಲ್ಲ. ವಾದದ ಸಾರ ಇಷ್ಟು.

ಈ ವಾದದಲ್ಲಿ ಶಿಕ್ಷಣ ಟಿಪ್ಪಣಿಯ ಅಹಂಕಾರವಿಲ್ಲ. ಇಲ್ಲಿ ಮೆಕಾಲೆ ತನಗೆ ಗೊತ್ತಿರುವ ವಸ್ತುವಿನ ಕುರಿತು ಮಾತನಾಡುತ್ತಿದ್ದಾನೆ. ಸಾಲಗಾರನ ಮಗನಾಗಿ, ದಿವಾಳಿ ಲೆಕ್ಕಗಳ ಕಮಿಷನರನಾಗಿ, ಹಣದ ಅಭಾವ ಮನುಷ್ಯನ ಎದುರು ಯಾವ ಬಾಗಿಲುಗಳನ್ನು ಮುಚ್ಚುತ್ತದೆಂದು ಅವನು ಬಲ್ಲವನಾಗಿದ್ದನು. ಆದರೆ ಸರ್ಕಾರಕ್ಕೆ ಆ ಶುಲ್ಕ ಆಗಲೇ ಬೊಕ್ಕಸದ ಆದಾಯವಾಗಿ ಬೇರೂರಿತ್ತು. ಟಿಪ್ಪಣಿಯಿಂದ ಶುಲ್ಕ ಹೋಗಲಿಲ್ಲ.

ಅವನ ನೇತೃತ್ವದ ಕಾನೂನು ಆಯೋಗ 1837ರಲ್ಲಿ ದಂಡ ಸಂಹಿತೆಯ ಕರಡನ್ನು ಸಲ್ಲಿಸಿತು. ಅದು ಕಾಯಿದೆಯಾದದ್ದು 1860ರಲ್ಲಿ, ಜಾರಿಗೆ ಬಂದದ್ದು 1862ರ ಜನವರಿ 1ರಂದು. 2024ರ ಜುಲೈ 1ರಂದು ಭಾರತೀಯ ನ್ಯಾಯ ಸಂಹಿತೆ ಅದರ ಸ್ಥಾನಕ್ಕೆ ಬರುವವರೆಗೂ ದೇಶದ ಅಪರಾಧ ಕಾನೂನು ಆ ಕರಡಿನ ಅಡಿಪಾಯದ ಮೇಲೆಯೇ ನಡೆಯಿತು. 1838ರ ಜನವರಿಯಲ್ಲಿ ಮೆಕಾಲೆ ಕಲ್ಕತ್ತೆಯನ್ನು ಬಿಟ್ಟನು. ಮಗ ಸಮುದ್ರದ ಮೇಲಿರುವಾಗಲೇ ಜಕಾರಿ ಮೆಕಾಲೆ ತೀರಿಕೊಂಡನು. ಯಾವ ತಂದೆಯ ಸಾಲ ತೀರಿಸಲು ಅಷ್ಟು ದೂರ ಹೋಗಿದ್ದನೋ ಆ ತಂದೆಯ ಮುಖ ಕಾಣುವುದು ಅವನಿಗೆ ಸಾಧ್ಯವಾಗಲಿಲ್ಲ.

ಇಂಗ್ಲೆಂಡಿನಲ್ಲಿ ಉಳಿದ ಆಯುಷ್ಯವನ್ನು ಅವನು ರಾಜಕಾರಣಕ್ಕೂ ಬರವಣಿಗೆಗೂ ಹಂಚಿದನು. 1841ರಲ್ಲಿ ಗ್ರಂಥಸ್ವಾಮ್ಯದ ಮಸೂದೆ ಪಾರ್ಲಿಮೆಂಟಿಗೆ ಬಂದಾಗ, ಲೇಖಕ ಸತ್ತ ಬಳಿಕ 60 ವರ್ಷ ಹಕ್ಕು ಮುಂದುವರಿಯಬೇಕೆಂಬ ಸಲಹೆಯನ್ನು ಸ್ವತಃ ಲೇಖಕನಾದ ಅವನೇ ವಿರೋಧಿಸಿದನು. ಲೇಖಕನಿಗೆ ಪ್ರತಿಫಲ ಬೇಕು ನಿಜ, ಆದರೆ ಅದು ಓದುಗರ ಮೇಲೆ ಬೀಳುವ ತೆರಿಗೆ ಎಂಬುದನ್ನು ಮರೆಯಬಾರದು ಎಂಬುದು ಅವನ ನಿಲುವು. ಮಸೂದೆ ಬಿದ್ದುಹೋಗಿ, ಮರುವರ್ಷದ ಶಾಸನದಲ್ಲಿ ಅವಧಿ ಬಹುಮಟ್ಟಿಗೆ ತಗ್ಗಿತು. ನ್ಯಾಯದ ಬಾಗಿಲಿನಲ್ಲಿ ನಡೆಯದ ಅವನ ಮಾತು ಪುಸ್ತಕದ ಬಾಗಿಲಿನಲ್ಲಿ ನಡೆಯಿತು. 1848ರ ಕೊನೆಯಲ್ಲಿ ಇಂಗ್ಲೆಂಡಿನ ಇತಿಹಾಸದ ಮೊದಲೆರಡು ಸಂಪುಟಗಳು ಹೊರಬಂದವು. ಮುಂದಿನ ಸಂಪುಟಗಳ ಮಾರಾಟದಿಂದ 1856ರಲ್ಲಿ ಪ್ರಕಾಶಕರು ಅವನಿಗೆ ಕೊಟ್ಟ ಒಂದೇ ಚೆಕ್ಕಿನ ಮೊತ್ತ 20,000 ಪೌಂಡು. ಪದಕ ಮಾರಿದವನು ಸಿರಿವಂತನಾಗಿದ್ದನು. 1857ರಲ್ಲಿ ಲಾರ್ಡ್ ಪದವಿ ಬಂದಿತು. ಮದುವೆಯಾಗದೆ, ತಂಗಿಯ ಮಕ್ಕಳನ್ನೇ ತನ್ನವರೆಂದು ಪ್ರೀತಿಸುತ್ತಿದ್ದ ಆತ 1859ರ ಡಿಸೆಂಬರ್ 28ರಂದು ಲಂಡನ್ನಿನ ತನ್ನ ಮನೆಯ ಗ್ರಂಥಾಲಯದಲ್ಲಿ, ಕುರ್ಚಿಯಲ್ಲಿ ಕುಳಿತಿದ್ದಂತೆಯೇ ಕಣ್ಣು ಮುಚ್ಚಿದನು. ದೇಹವನ್ನು ವೆಸ್ಟ್‌ಮಿನ್‌ಸ್ಟರ್ ಅಬ್ಬೆಯ ಕವಿಗಳ ಮೂಲೆಯಲ್ಲಿ ಸಮಾಧಿ ಮಾಡಲಾಯಿತು.

ಅವನು ವಿರೋಧಿಸಿದ ಶುಲ್ಕ ಅವನಿಗಿಂತ ಹೆಚ್ಚು ಕಾಲ ಬಾಳಿತು. 1870ರ ಕೋರ್ಟು ಶುಲ್ಕ ಕಾಯಿದೆ ಬ್ರಿಟಿಷ್ ಇಂಡಿಯಾಕ್ಕೆಲ್ಲ ಒಂದೇ ಪದ್ಧತಿಯನ್ನು ತಂದಿತು. 1887ರಲ್ಲಿ ದಾವೆಗಳ ಮೌಲ್ಯ ನಿರ್ಣಯದ ಕಾಯಿದೆ ಅದಕ್ಕೆ ಜೊತೆಯಾಯಿತು. 1870ರ ಕಾಯಿದೆ ಎರಡು ವಿಷಯಗಳಲ್ಲಿ ಸ್ವಲ್ಪ ಮೆತ್ತಗಿತ್ತು. ಕಂದಾಯ ಕಟ್ಟುವ ಜಮೀನಿನ ಬೆಲೆಯನ್ನು ಕಂದಾಯದ ಐದು ಪಟ್ಟು ಅಥವಾ ಹತ್ತು ಪಟ್ಟು ಎಂದು ಹಿಡಿಯುತ್ತಿದ್ದುದರಿಂದ ರೈತನ ದಾವೆಯ ಮೌಲ್ಯ ಪೇಟೆಯ ಬೆಲೆಗಿಂತ ಬಹಳ ಕೆಳಗಿರುತ್ತಿತ್ತು. ಶುಲ್ಕ ಎಷ್ಟೇ ಏರಿದರೂ 3,000 ರೂಪಾಯಿಯನ್ನು ಮೀರುವಂತಿರಲಿಲ್ಲ.

ಜಹೀರಾಬಾದ್, ನಾರಾಯಣಖೇಡ, ತಾಂಡೂರುಗಳು ಆಗ ನಿಜಾಮನ ಆಳ್ವಿಕೆಯಲ್ಲಿದ್ದವು. ಕಂಪನಿಯ ಕಾಯಿದೆಗಳು ಅಲ್ಲಿಗೆ ನೇರವಾಗಿ ಅನ್ವಯಿಸುತ್ತಿರಲಿಲ್ಲ. ಕಂಪನಿಯ ನ್ಯಾಯಾಲಯಗಳು 1837ರ ತರುವಾಯ ಪಾರಸಿಯನ್ನು ಬಿಡತೊಡಗಿದರೂ ನಿಜಾಮನ ಕಚೇರಿಗಳಲ್ಲಿ ಅದು 1880ರ ದಶಕದವರೆಗೂ ನಡೆಯಿತು. ಆಮೇಲೆ ಅದರ ಜಾಗಕ್ಕೆ ಉರ್ದು ಬಂದಿತು. 1324 ಫಸಲಿಯಲ್ಲಿ, ಎಂದರೆ 1915ರ ಸುಮಾರಿಗೆ, ಹೈದರಾಬಾದ್ ಸಂಸ್ಥಾನ ತನ್ನದೇ ಕೋರ್ಟು ಶುಲ್ಕ ಕಾಯಿದೆಯನ್ನು ಮಾಡಿಕೊಂಡಿತು. ಹೀಗೆ ಬೀದರ್ ಮತ್ತು ಗುಲ್ಬರ್ಗಾ ಜಿಲ್ಲೆಗಳ ಕನ್ನಡ ರೈತ ನ್ಯಾಯಾಲಯದ ಮೆಟ್ಟಿಲಲ್ಲಿ ಎರಡು ತಡೆಗಳನ್ನು ದಾಟಬೇಕಾಯಿತು. ಒಂದು ತನ್ನದಲ್ಲದ ಭಾಷೆ, ಇನ್ನೊಂದು ತನ್ನ ಕೈಗೆ ಮೀರಿದ ಶುಲ್ಕ. ಮೆಕಾಲೆಯ ಎರಡು ಟಿಪ್ಪಣಿಗಳು ಮುಟ್ಟಿದ ಎರಡು ಪ್ರಶ್ನೆಗಳೂ, ಭಾಷೆಯದು ಮತ್ತು ಶುಲ್ಕದ್ದು, ಆ ಮೆಟ್ಟಿಲಲ್ಲಿ ಒಟ್ಟಿಗೆ ನಿಂತಿದ್ದವು.

1956ರ ನವೆಂಬರ್ 1ರಂದು ಹೈದರಾಬಾದ್ ರಾಜ್ಯ ಮೂರು ಪಾಲಾಯಿತು. ಗುಲ್ಬರ್ಗಾ ಜಿಲ್ಲೆಯ ತಾಂಡೂರು ಮತ್ತು ಕೊಡಂಗಲ್ ತಾಲೂಕುಗಳು, ಬೀದರ್ ಜಿಲ್ಲೆಯ ನಾರಾಯಣಖೇಡ ತಾಲೂಕು, ನಿರ್ಣಾ ಹೋಬಳಿಯನ್ನು ಬಿಟ್ಟು ಉಳಿದ ಜಹೀರಾಬಾದ್ ತಾಲೂಕು ಮತ್ತು ಬೀದರ್ ತಾಲೂಕಿನ ನ್ಯಾಲಕಲ್ ಹೋಬಳಿ ಆಂಧ್ರ ಪ್ರದೇಶಕ್ಕೆ ಸೇರಿದವು. ಉಳಿದ ಬೀದರ್ ಜಿಲ್ಲೆಯ ಬಹುಭಾಗವೂ ಗುಲ್ಬರ್ಗಾವೂ ಮೈಸೂರು ರಾಜ್ಯಕ್ಕೆ ಬಂದವು. ಗಡಿ ಬಂದರೂ ಕೋರ್ಟು ಶುಲ್ಕದ ಕಾನೂನು ಮಾತ್ರ ಎರಡೂ ಕಡೆ ಒಂದೇ ಮನೆಯದಾಯಿತು. 1955ರ ಮದರಾಸಿನ ಕೋರ್ಟು ಶುಲ್ಕ ಮತ್ತು ದಾವೆಗಳ ಮೌಲ್ಯ ನಿರ್ಣಯ ಕಾಯಿದೆಯ ಮಾದರಿಯಲ್ಲಿಯೇ 1956ರ ಆಂಧ್ರ ಕಾಯಿದೆ ರಚನೆಗೊಂಡು ಮುಂದೆ ತೆಲಂಗಾಣಕ್ಕೂ ವಿಸ್ತರಿಸಿತು. 1958ರ ಕರ್ನಾಟಕದ ಕಾಯಿದೆಯೂ ಅದೇ ಅಚ್ಚಿನದು. ತಾಂಡೂರಿನ ಕಕ್ಷಿದಾರನೂ ಪಕ್ಕದ ಸೇಡಂನ ಕಕ್ಷಿದಾರನೂ ಒಂದೇ ತಾಯಿಯ ಎರಡು ಕಾಯಿದೆಗಳ ಮುಂದೆ ನಿಲ್ಲುತ್ತಾರೆ.

ಈ ಕಾಯಿದೆಗಳಲ್ಲಿ ಮೆಕಾಲೆಯ ಪ್ರಶ್ನೆ ಇನ್ನೂ ತೀಕ್ಷ್ಣವಾಗಿ ಕಾಣುವುದು ಪಾಲಿನ ದಾವೆಯಲ್ಲಿ. ಪಾಲು ಕೇಳುವವನು ಕುಟುಂಬದ ಆಸ್ತಿಯನ್ನು ಉಳಿದವರೊಡನೆ ಜಂಟಿಯಾಗಿ ಅನುಭವಿಸುತ್ತಿದ್ದರೆ ನಿಗದಿತವಾದ ಅಲ್ಪ ಶುಲ್ಕ ಸಾಕು. ಅವನನ್ನು ಆಸ್ತಿಯಿಂದ ಹೊರಗೆ ಹಾಕಿದ್ದರೆ ಪಾಲಿನ ಮಾರುಕಟ್ಟೆ ಬೆಲೆಯನ್ನು ಆಧರಿಸಿ ಶುಲ್ಕ ಕಟ್ಟಬೇಕು. ಹೆಚ್ಚು ಅನ್ಯಾಯಕ್ಕೆ ಒಳಗಾದವನೇ ಹೆಚ್ಚು ಶುಲ್ಕ ತೆರುವ ಸ್ಥಿತಿ ಇದು. ಆದುದರಿಂದಲೇ ಎದುರು ಪಕ್ಷದವರು ವಾದಿಗೆ ಅನುಭವವೇ ಇಲ್ಲವೆಂದು ವಾದಿಸುತ್ತಾರೆ. ವಾದಿ ತನ್ನನ್ನು ಹೊರದೂಡಿದ ಸಂಗತಿಯನ್ನು ಬಾಯಿಬಿಟ್ಟು ಹೇಳಲು ಹಿಂಜರಿಯುತ್ತಾನೆ. ಬೆಲೆಯ ನಿರ್ಣಯವೂ ಸುಲಭವಲ್ಲ. ತಾಂಡೂರಿನ ಸುತ್ತ ತೊಗರಿ ಬೆಳೆಯುವ ನೆಲದ ಅಡಿಯಲ್ಲಿ ಹಾಸುಗಲ್ಲು ಇರುತ್ತದೆ. ಹೊಲವೆಂದರೆ ಒಂದು ಬೆಲೆ, ಕಲ್ಲಿನ ಗಣಿಯೆಂದರೆ ಬೇರೆಯೇ ಬೆಲೆ. ಜಹೀರಾಬಾದಿನ ಹೆದ್ದಾರಿಯ ಬದಿಯ ಜಮೀನಿಗೂ ನಾರಾಯಣಖೇಡದ ಒಳಹಳ್ಳಿಯ ಜಮೀನಿಗೂ ಕಂದಾಯದಲ್ಲಿ ಕಾಣದ ಅಂತರ ಪೇಟೆಯಲ್ಲಿ ಕಾಣುತ್ತದೆ. ನ್ಯಾಲಕಲ್ ಮತ್ತು ಝರಾಸಂಗಮದ ಕಡೆ ಕೈಗಾರಿಕಾ ವಲಯದ ಯೋಜನೆ ಬಂದ ಮೇಲೆ ಹೊಲದ ಬೆಲೆಯ ಮಾತು ಮತ್ತಷ್ಟು ಸೂಕ್ಷ್ಮವಾಗಿದೆ. ಬೆಳೆಯಿಂದ ಕೈಗೆ ಬರುವ ಹಣ ಹಾಗೆಯೇ ಇದ್ದು ನೆಲದ ಬೆಲೆ ಮಾತ್ರ ಏರಿದಾಗ, ಶುಲ್ಕ ಕಟ್ಟಬೇಕಾದವನ ಶಕ್ತಿ ಏರಿರುವುದಿಲ್ಲ.

ಸ್ವತಂತ್ರ ಭಾರತದ ನ್ಯಾಯಚಿಂತನೆ ಮೆಕಾಲೆಯ ಟಿಪ್ಪಣಿಯನ್ನು ಕಪಾಟಿನಿಂದ ಹೊರತೆಗೆಯಿತು. ಎಂ. ಸಿ. ಸೆತಲ್ವಾಡರ ಅಧ್ಯಕ್ಷತೆಯ ಕಾನೂನು ಆಯೋಗ 1958ರ ತನ್ನ 14ನೆಯ ವರದಿಯಲ್ಲಿ ಅವನ ವಾದವನ್ನು ಸ್ಮರಿಸಿ, ನ್ಯಾಯದಾನ ಸರ್ಕಾರದ ಆದಾಯದ ಮೂಲವಾಗಬಾರದೆಂದು ಅಭಿಪ್ರಾಯಪಟ್ಟಿತು. 1961ರಲ್ಲಿ ಮದರಾಸಿನ ಕಾಯಿದೆಯ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟು, ಶುಲ್ಕದ ವಿಷಯ ಮೂಲತಃ ವಾದಿಗೂ ಸರ್ಕಾರಕ್ಕೂ ಸಂಬಂಧಿಸಿದ್ದು, ಅದನ್ನು ವಿಚಾರಣೆ ತಡೆಯುವ ಆಯುಧವಾಗಿ ಪ್ರತಿವಾದಿ ಬಳಸಬಾರದೆಂದು ಸ್ಪಷ್ಟಪಡಿಸಿತು. ಮುಂದೆ ಕರ್ನಾಟಕ ಮತ್ತು ರಾಜಸ್ಥಾನಗಳಲ್ಲಿ ಶುಲ್ಕಕ್ಕೆ ಮೇಲ್ಮಿತಿಯೇ ಇಲ್ಲದಿರುವುದನ್ನು ಪ್ರಶ್ನಿಸಿದ ಪ್ರಕರಣಗಳು ಸುಪ್ರೀಂ ಕೋರ್ಟಿನ ಮುಂದೆ ಬಂದವು. 1988ರಲ್ಲಿ ಕನ್ನಡಿಗರೇ ಆದ ನ್ಯಾಯಮೂರ್ತಿ ಎಂ. ಎನ್. ವೆಂಕಟಾಚಲಯ್ಯನವರು ಬರೆದ ತೀರ್ಪು ಆ ಕಾಯಿದೆಗಳನ್ನು ರದ್ದುಮಾಡಲಿಲ್ಲ. ಆದರೆ ಶುಲ್ಕದ ಭಾರವನ್ನು ಮರುಚಿಂತಿಸುವ ಅಗತ್ಯವನ್ನು ಸರ್ಕಾರಗಳಿಗೆ ನೆನಪಿಸಿತು.

ದಾರಿಗಳು ಪೂರ್ತಿ ಮುಚ್ಚಿಲ್ಲ. ಶುಲ್ಕ ಕಟ್ಟುವ ಶಕ್ತಿಯಿಲ್ಲದವನು ನಿರ್ಗತಿಕನೆಂದು ಅನುಮತಿ ಪಡೆದು ದಾವೆ ಹೂಡಲು ಸಿವಿಲ್ ಪ್ರಕ್ರಿಯಾ ಸಂಹಿತೆಯ 33ನೆಯ ಆದೇಶ ಅವಕಾಶ ಕೊಡುತ್ತದೆ. 1995ರ ನವೆಂಬರ್ 9ರಂದು ಜಾರಿಗೆ ಬಂದ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯ ಮೇರೆಗೆ ಮಹಿಳೆಯರು, ಮಕ್ಕಳು, ಪರಿಶಿಷ್ಟ ಜಾತಿ ಪಂಗಡಗಳವರು ಮತ್ತು ಕಡಿಮೆ ಆದಾಯದವರು ಉಚಿತ ಕಾನೂನು ನೆರವು ಕೇಳಬಹುದು. ಕೋರ್ಟು ಶುಲ್ಕದ ಹೊರೆಯೂ ಆ ನೆರವಿನಲ್ಲಿ ಸೇರಿದೆ. ಬಾಕಿಯಿರುವ ದಾವೆ ಲೋಕ ಅದಾಲತ್ತಿನಲ್ಲಿ ರಾಜಿಯಾದರೆ ಕಟ್ಟಿದ ಶುಲ್ಕ ಹಿಂದಿರುಗುತ್ತದೆ. ಹೊರದೂಡಲ್ಪಟ್ಟ ತಂಗಿ ತನ್ನ ಪಾಲು ಕೇಳಲು ಹೋದಾಗ ಈ ಸಂಗತಿ ಗೊತ್ತಿದ್ದರೆ ಬೆಲೆಯ ಪ್ರಶ್ನೆ ಅವಳನ್ನು ಬಾಗಿಲಿನಿಂದಲೇ ಹಿಂದಕ್ಕೆ ಕಳಿಸಲಾರದು. ಗಡಿಯ ಹಳ್ಳಿಗಳಲ್ಲಿ ಕನ್ನಡ ಮಾತ್ರ ಓದಬಲ್ಲವರಿಗೆ ಈ ತಿಳಿವಳಿಕೆ ಕನ್ನಡದಲ್ಲಿ ತಲುಪುವುದು ಮುಖ್ಯ. ಆ ಕೆಲಸಕ್ಕೆ ಕನ್ನಡ ಓದಿದವರೇ ಬೇಕು.

ಮೆಕಾಲೆಯನ್ನು ಕ್ಷಮಿಸುವ ಅಗತ್ಯ ಇದರಿಂದ ಬರುವುದಿಲ್ಲ. ತಾನರಿಯದ ಭಾಷೆಗಳಿಗೆ ಬೆಲೆ ಕಟ್ಟಿದ ತಪ್ಪು ಅವನ ಹೆಸರಿನೊಡನೆ ಇದ್ದೇ ಇರುತ್ತದೆ. ಆದರೆ ನ್ಯಾಯದ ವಿಷಯದಲ್ಲಿ ಅವನು ಕೇಳಿದ ಪ್ರಶ್ನೆ ಸರಿಯಾದುದಾಗಿತ್ತು. ಜಹೀರಾಬಾದಿನಲ್ಲಿ, ನಾರಾಯಣಖೇಡದಲ್ಲಿ, ತಾಂಡೂರಿನಲ್ಲಿ ಪ್ರತಿಯೊಂದು ದಾವೆಯ ಮೊದಲ ಪುಟಕ್ಕೆ ಶುಲ್ಕದ ಚೀಟಿ ಅಂಟುವಾಗ ಆ ಪ್ರಶ್ನೆ ಇಂದಿಗೂ ಉತ್ತರಕ್ಕಾಗಿ ಕಾದಿದೆ.